ಚಿತ್ರದ ಜೊತೆಗೆ ಕಡತವನ್ನೂ ಕೊಡಿ: ಟೆಕ್ಸಾಸ್ ಕೊಲೆ ಪ್ರಕರಣಗಳ ಸಾಕ್ಷ್ಯಚಿತ್ರ ತೆಗೆಯುವವರಿಗೆ ಒಂದು ಬಹಿರಂಗ ಪತ್ರ

ಟೆಕ್ಸಾಸ್ ರಾಜ್ಯದ ಕೊಲೆ ಪ್ರಕರಣಗಳ ಮೇಲೆ ಸಾಕ್ಷ್ಯಚಿತ್ರ ಮಾಡುವ ನಿರ್ದೇಶಕರಿಗೆ, ಸಂಕಲನಕಾರರಿಗೆ ಮತ್ತು ಅವನ್ನು ಕೊಂಡು ಪ್ರಸಾರ ಮಾಡುವ ಒಟಿಟಿ ಸಂಸ್ಥೆಗಳ ಮುಖ್ಯಸ್ಥರಿಗೆ,

ಮಾನ್ಯರೇ,

ನಿಮ್ಮ ಮುಂದಿನ ಸರಣಿಯ ಜೊತೆಗೆ ಆ ಪ್ರಕರಣದ ಕಡತವನ್ನೂ ಜನರ ಕೈಗೆ ಕೊಡಿ. ನಮ್ಮ ಬೇಡಿಕೆ ಇಷ್ಟೇ. ನ್ಯಾಯಾಲಯದ ನಡಾವಳಿ, ಮರಣೋತ್ತರ ಪರೀಕ್ಷೆಯ ವರದಿ, ಪ್ರಯೋಗಾಲಯದ ವರದಿಗಳು, ಮೇಲ್ಮನವಿಯ ತೀರ್ಪುಗಳು ಚಿತ್ರೀಕರಣ ಶುರುವಾಗುವ ಮೊದಲೇ ನಿಮ್ಮ ಸಂಶೋಧಕರ ಮೇಜಿನ ಮೇಲೆ ಇರುತ್ತವೆ. ನೋಡುಗರಿಗೆ ಸಿಗುವುದು ಮಾತ್ರ ತೆರೆಯ ಮೇಲೆ ಎರಡು ಸೆಕೆಂಡು ಮಿನುಗಿ ಹೋಗುವ, ಹಳದಿ ಬಣ್ಣ ಬಳಿದ ಒಂದು ಸಾಲು. ಅದರ ಹಿಂದಿನ ಸಾಲಿನಲ್ಲಿ ಏನಿತ್ತು, ಮುಂದಿನದರಲ್ಲಿ ಏನಿತ್ತು, ಪಾಟೀಸವಾಲಿನಲ್ಲಿ ಅದೇ ಸಾಕ್ಷಿ ಏನು ಹೇಳಿದ ಎಂಬುದು ಅವರಿಗೆ ಗೊತ್ತಾಗುವುದೇ ಇಲ್ಲ.

ಟೆಕ್ಸಾಸನ್ನೇ ಹಿಡಿದು ಕೇಳುವುದಕ್ಕೆ ಕಾರಣವಿದೆ. 1982ರಲ್ಲಿ ಅಲ್ಲಿ ಮರಣದಂಡನೆಗಳನ್ನು ಮತ್ತೆ ನೆರವೇರಿಸತೊಡಗಿದ ಮೇಲೆ, ಅಮೆರಿಕದ ಬೇರೆ ಯಾವ ರಾಜ್ಯವೂ ಅಷ್ಟು ಜನರನ್ನು ಆ ಶಿಕ್ಷೆಗೆ ಗುರಿಪಡಿಸಿಲ್ಲ. 254 ಕೌಂಟಿಗಳ (ನಮ್ಮ ಜಿಲ್ಲೆಗಳಂಥವು) ಆ ರಾಜ್ಯದಲ್ಲಿ ಸರ್ಕಾರದ ಪರ ಕೊಲೆ ಕೇಸು ನಡೆಸುವ ಡಿಸ್ಟ್ರಿಕ್ಟ್ ಅಟಾರ್ನಿ ಚುನಾವಣೆ ಗೆದ್ದು ಬರುತ್ತಾರೆ. ನ್ಯಾಯಾಧೀಶರೂ ಹಾಗೆಯೇ. ತಪ್ಪು ಮಾಡಿದ್ದಾನೋ ಇಲ್ಲವೋ ಎಂದು ಹೇಳುವವರು 12 ಮಂದಿ ಸಾಮಾನ್ಯ ನಾಗರಿಕರು. ಮರಣದಂಡನೆಯ ಪ್ರಕರಣವಾದರೆ ಅವರು ಇನ್ನೊಂದು ಪ್ರಶ್ನೆಗೂ ಉತ್ತರ ಕೊಡಬೇಕು: ಈ ವ್ಯಕ್ತಿ ಮುಂದೆಯೂ ಹಿಂಸೆಗಿಳಿದು ಸಮಾಜಕ್ಕೆ ಅಪಾಯವಾಗುವ ಸಂಭವವಿದೆಯೇ? ಈ ಜ್ಯೂರಿಗಳನ್ನು ಮತದಾರರ ಪಟ್ಟಿಯಿಂದಲೂ ಡ್ರೈವಿಂಗ್ ಲೈಸೆನ್ಸ್ ಪಟ್ಟಿಯಿಂದಲೂ ಆರಿಸುತ್ತಾರೆ. ಡಾಲಸ್, ಆಸ್ಟಿನ್, ಹ್ಯೂಸ್ಟನ್ ಸುತ್ತಮುತ್ತ ನೆಲೆಸಿ ಅಲ್ಲಿನ ಪೌರತ್ವ ಪಡೆದ ಕನ್ನಡಿಗರ ಮನೆಗೂ ಆ ಕರೆಪತ್ರ ಬರುತ್ತದೆ. ರಾತ್ರಿ ನಿಮ್ಮ ಸರಣಿ ನೋಡಿದವರೇ ಹಗಲು ಆ 12 ಕುರ್ಚಿಗಳಲ್ಲೊಂದರಲ್ಲಿ ಕೂರುತ್ತಾರೆ. ಈ ಪತ್ರವನ್ನು ಕನ್ನಡದಲ್ಲಿ ಬರೆಯುತ್ತಿರುವುದು ಅವರೂ ಓದಲಿ ಎಂದು.

ನಿಮ್ಮ ಚಿತ್ರಗಳು ಅವರಿಗೆ ಕಲಿಸುತ್ತಿರುವುದು ಮುಖ ಓದುವುದನ್ನು. ಸಂದರ್ಶನದ ಕುರ್ಚಿ, ಹಿಂದೆ ಕತ್ತಲೆ, ಕ್ಯಾಮೆರಾ ನಿಧಾನವಾಗಿ ಕಣ್ಣಿನ ಹತ್ತಿರ ಹೋಗುವುದು, ಉತ್ತರ ಮುಗಿದ ಮೇಲೂ ನಾಲ್ಕು ಸೆಕೆಂಡು ಕತ್ತರಿಸದೆ ಬಿಡುವುದು. ಆ ನಾಲ್ಕು ಸೆಕೆಂಡಿನಲ್ಲಿ ನೋಡುಗರು ತೀರ್ಪು ಬರೆದುಬಿಡುತ್ತಾರೆ. ಟೆಕ್ಸಾಸ್‌ನ ಅತ್ಯಂತ ಕೆಟ್ಟ ತಪ್ಪುಗಳಲ್ಲಿ ಕೆಲವು ಇದೇ ರೀತಿಯ ಓದಿನಿಂದ ಆದವು.

ಮೈಕಲ್ ಮಾರ್ಟನ್ ಪ್ರಕರಣ ನೋಡಿ. 1986ರ ಆಗಸ್ಟ್ 13ರಂದು ವಿಲಿಯಮ್‌ಸನ್ ಕೌಂಟಿಯಲ್ಲಿ ಅವರ ಹೆಂಡತಿಯ ಕೊಲೆಯಾಯಿತು. ಗಂಡ ಅಳಲಿಲ್ಲ, ಹೆಂಡತಿ ನೆಟ್ಟಿದ್ದ ಚೆಂಡುಹೂವಿನ ಗಿಡಗಳನ್ನು ಕಡಿದುಹಾಕಿದ. ಇಂಥವೆಲ್ಲ ಅವರ ವಿರುದ್ಧದ ಮಾತಾದವು, ಆ ಕೊಲೆಗೆ ಅವರಿಗೇ ಶಿಕ್ಷೆಯಾಯಿತು. 2007ರಲ್ಲಿ ಹಾರ್ಲಿಂಜನ್‌ನಲ್ಲಿ ಎರಡು ವರ್ಷದ ಮಗಳು ಸತ್ತ ರಾತ್ರಿಯೇ ಪೊಲೀಸರು ಮೆಲಿಸ್ಸಾ ಲೂಸಿಯೋ ಅವರನ್ನು ಪ್ರಶ್ನಿಸಿದರು. ಆಕೆ ಕುಗ್ಗಿ ಕೂತ ರೀತಿ, ಕಣ್ಣು ತಪ್ಪಿಸಿದ ರೀತಿಯಿಂದಲೇ ತಪ್ಪು ಮಾಡಿದವಳೆಂದು ತನಗೆ ತಿಳಿಯಿತು ಎಂಬರ್ಥದ ಸಾಕ್ಷ್ಯವನ್ನು ರಾಜ್ಯದ ತನಿಖಾ ಪೊಲೀಸ್ ಪಡೆಯಾದ ಟೆಕ್ಸಾಸ್ ರೇಂಜರ್‌ಗಳಲ್ಲಿ ಒಬ್ಬರು ವಿಚಾರಣೆಯಲ್ಲಿ ನುಡಿದರು. ಕಾರ್ಸಿಕಾನಾ ಊರಿನ ಕ್ಯಾಮರೂನ್ ಟಾಡ್ ವಿಲಿಂಗ್‌ಹ್ಯಾಮ್ ಮನೆಗೆ 1991ರ ಡಿಸೆಂಬರ್ 23ರ ಬೆಳಿಗ್ಗೆ ಬೆಂಕಿ ಬಿದ್ದು ಮೂವರು ಪುಟ್ಟ ಹೆಣ್ಣುಮಕ್ಕಳು ತೀರಿಕೊಂಡಾಗ, ಆತ ತನ್ನ ಕಾರನ್ನು ಬೆಂಕಿಯಿಂದ ದೂರ ಸರಿಸಿದ ಎಂಬುದು ದೊಡ್ಡ ಮಾತಾಯಿತು. ಅದೇ ಪ್ರಕರಣದಲ್ಲಿ ನೆರೆಯವರ ಮೊದಲ ಹೇಳಿಕೆಗಳಲ್ಲಿ ಆತ ಕಂಗೆಟ್ಟು ಕೂಗಾಡುವ ತಂದೆ. ಬೆಂಕಿ ಹಚ್ಚಿದ್ದು ಆತನೇ ಎಂಬ ಅನುಮಾನ ಊರಲ್ಲಿ ಹರಡಿದ ಮೇಲಿನ ಹೇಳಿಕೆಗಳಲ್ಲಿ ಆತ ತಣ್ಣಗೆ ನಿಂತ ಮನುಷ್ಯ. ಎರಡು ಹೇಳಿಕೆಗಳಿಗೂ ದಿನಾಂಕವಿದೆ. ಕಾಗದ ಪಕ್ಕಪಕ್ಕ ಇಟ್ಟರೆ ಯಾರಿಗಾದರೂ ಕಾಣುತ್ತದೆ. ಒಬ್ಬ ನೆರೆಯವರ ಮುಖವನ್ನು ಹತ್ತಿರದಿಂದ ತೋರಿಸಿದರೆ ಎಂದಿಗೂ ಕಾಣುವುದಿಲ್ಲ.

ಕಾಗದದಿಂದ ಚಿತ್ರ ಹುಟ್ಟಬಹುದು ಎಂಬುದಕ್ಕೆ ಟೆಕ್ಸಾಸ್‌ನದೇ ಉದಾಹರಣೆ ನಿಮ್ಮ ಮುಂದಿದೆ. 1976ರ ನವೆಂಬರ್‌ನಲ್ಲಿ ಡಾಲಸ್‌ನಲ್ಲಿ ರಾಬರ್ಟ್ ವುಡ್ ಎಂಬ ಪೊಲೀಸ್ ಅಧಿಕಾರಿಯ ಕೊಲೆಯಾಯಿತು. ರ‍್ಯಾಂಡಲ್ ಡೇಲ್ ಆಡಮ್ಸ್‌ಗೆ ಆ ಕೊಲೆಗಾಗಿ ಮರಣದಂಡನೆ ವಿಧಿಸಲಾಯಿತು. 1979ರಲ್ಲಿ ಶಿಕ್ಷೆ ಜಾರಿಗೆ ಮೂರು ದಿನ ಇರುವಾಗ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಯೊಬ್ಬರು ತಡೆ ಕೊಟ್ಟರು. ಮುಂದಿನ ವರ್ಷ ಶಿಕ್ಷೆ ಜೀವಾವಧಿಗೆ ಇಳಿಯಿತು. ನಿರ್ದೇಶಕ ಎರಲ್ ಮಾರಿಸ್ 1985ರಲ್ಲಿ ಡಾಲಸ್‌ಗೆ ಬಂದದ್ದು ಆಡಮ್ಸ್‌ನನ್ನು ಹುಡುಕಿಕೊಂಡು ಅಲ್ಲ. ಜೇಮ್ಸ್ ಗ್ರಿಗ್ಸನ್ ಎಂಬ ಮನೋವೈದ್ಯರ ಮೇಲೆ ಚಿತ್ರ ತೆಗೆಯುವುದು ಅವರ ಉದ್ದೇಶವಾಗಿತ್ತು. ಈ ವೈದ್ಯರು ನೂರಕ್ಕೂ ಹೆಚ್ಚು ಮರಣದಂಡನೆ ಪ್ರಕರಣಗಳಲ್ಲಿ ಸಾಕ್ಷಿ ಹೇಳಿ, ಆರೋಪಿ ಮುಂದೆಯೂ ಕೊಲ್ಲುತ್ತಾನೆ ಎಂದು ಜ್ಯೂರಿಗಳಿಗೆ ಖಾತ್ರಿ ಕೊಡುತ್ತಿದ್ದವರು. ಆಡಮ್ಸ್ ವಿಚಾರಣೆಯ ನಡಾವಳಿಯನ್ನು ಕೂತು ಓದಿದಾಗ ಮಾರಿಸ್‌ಗೆ ಅದರಲ್ಲಿನ ಬಿರುಕುಗಳು ಕಂಡವು. 1988ರಲ್ಲಿ 'ದ ಥಿನ್ ಬ್ಲೂ ಲೈನ್' ಬಂತು. 1989ರ ಮಾರ್ಚ್‌ನಲ್ಲಿ ಟೆಕ್ಸಾಸ್‌ನ ಕ್ರಿಮಿನಲ್ ಮೇಲ್ಮನವಿ ನ್ಯಾಯಾಲಯ ಶಿಕ್ಷೆಯನ್ನು ರದ್ದು ಮಾಡಿತು. ಗ್ರಿಗ್ಸನ್ ಅವರೇ ಮುಂದೆ ವಿಲಿಂಗ್‌ಹ್ಯಾಮ್ ವಿಚಾರಣೆಯಲ್ಲೂ ಸಾಕ್ಷಿಕಟ್ಟೆ ಹತ್ತಿದರು, ಆತನನ್ನು ಪರೀಕ್ಷಿಸದೆಯೇ. 1995ರಲ್ಲಿ ಅಮೆರಿಕದ ಮನೋವೈದ್ಯರ ಸಂಘ ಅವರನ್ನು ಹೊರಹಾಕಿತು.

ಆ ಚಿತ್ರದ ಮರುಸೃಷ್ಟಿ ದೃಶ್ಯಗಳನ್ನು ಇಂದು ಎಲ್ಲರೂ ಅನುಕರಿಸುತ್ತಾರೆ, ಆದರೆ ಅವು ಮಾಡಿದ ಕೆಲಸವನ್ನು ಯಾರೂ ಅನುಕರಿಸುವುದಿಲ್ಲ. ಅಲ್ಲಿ ಅದೇ ಗುಂಡೇಟು ಮತ್ತೆ ಮತ್ತೆ ಬರುತ್ತದೆ, ಪ್ರತಿ ಸಲ ಒಬ್ಬೊಬ್ಬ ಸಾಕ್ಷಿ ಹೇಳಿದಂತೆ. ಪೊಲೀಸ್ ಕಾರಿನ ಬಳಿ ಮಿಲ್ಕ್‌ಶೇಕ್ ಬಿದ್ದ ಜಾಗವನ್ನು ಘಟನಾಸ್ಥಳದ ನಕ್ಷೆಯೊಂದಿಗೆ ಹೋಲಿಸಿ, ಅದನ್ನು ಹಿಡಿದಿದ್ದ, ವುಡ್ ಜೊತೆಗಿನ ಮಹಿಳಾ ಪೊಲೀಸ್ ಕಾರಿನಿಂದ ಇಳಿದೇ ಇರಲಿಲ್ಲವೇನೋ ಎಂಬ ಪ್ರಶ್ನೆ ಎತ್ತಲಾಗುತ್ತದೆ. ಮರುಸೃಷ್ಟಿಯಿಂದ ಅಲ್ಲಿ ಸಾಕ್ಷ್ಯ ಪರೀಕ್ಷೆಯಾಗುತ್ತದೆ. ಈಗಿನ ಸರಣಿಗಳಲ್ಲಿ ಆರೋಪಿಯ ಮೈಕಟ್ಟಿನ ನಟನೊಬ್ಬ ಮಬ್ಬುಗತ್ತಲಲ್ಲಿ ಒಮ್ಮೆ ಮಾತ್ರ ನಡೆದು ಬರುತ್ತಾನೆ, ಒಂದೇ ಬಗೆಯಲ್ಲಿ. ನೋಡಿದವರ ನೆನಪಿನಲ್ಲಿ ಅದು ನಡೆದ ಘಟನೆಯಾಗಿ ಕೂತುಬಿಡುತ್ತದೆ. ವಿವಾದವಿರುವ ಸಂಗತಿಯನ್ನು ಒಂದೇ ಬಗೆಯಲ್ಲಿ ಮರುಸೃಷ್ಟಿಸಬೇಡಿ. ಮಾಡಿದರೆ ದೃಶ್ಯ ಮುಗಿಯುವವರೆಗೂ ತೆರೆಯ ಮೂಲೆಯಲ್ಲಿ ಬರೆದಿರಲಿ: ಇದು ಯಾರ ಹೇಳಿಕೆ, ಯಾವ ದಿನದ್ದು, ನಡಾವಳಿಯ ಯಾವ ಸಂಪುಟ, ಯಾವ ಪುಟ. ಕಂತಿನ ಮೊದಲಲ್ಲಿ ಒಮ್ಮೆ "ಕೆಲವು ದೃಶ್ಯಗಳು ಮರುಸೃಷ್ಟಿ" ಎಂದು ಹಾಕಿ ಕೈತೊಳೆದುಕೊಂಡರೆ ಸಾಲದು.

ಇನ್ನು ತಪ್ಪೊಪ್ಪಿಗೆ. ನಿಮ್ಮ ಚಿತ್ರಗಳ ಜೀವಾಳವೇ ಇದು, ಮತ್ತು ನೀವು ಅತಿ ಹೆಚ್ಚು ಕತ್ತರಿ ಹಾಕುವುದೂ ಇಲ್ಲಿಯೇ. ಲೂಸಿಯೋ ಅವರನ್ನು ಪ್ರಶ್ನಿಸಿದ್ದು ಸುಮಾರು ಐದು ಗಂಟೆ. ಆಕೆ ಆಗ ಅವಳಿ ಮಕ್ಕಳ ಗರ್ಭಿಣಿ. ನೂರಕ್ಕೂ ಹೆಚ್ಚು ಸಲ ತಾನು ಮಾಡಿಲ್ಲ ಎಂದರೆಂದು ಆಕೆಯ ವಕೀಲರು ಲೆಕ್ಕ ಕೊಟ್ಟಿದ್ದಾರೆ. ಕೊನೆಗೆ ಬಂದದ್ದು "ನಾನೇ ಮಾಡಿರಬೇಕು" ಎಂಬ ಧಾಟಿಯ ಮಾತು. ಐದು ಗಂಟೆಯಿಂದ ಮೂವತ್ತು ಸೆಕೆಂಡು ಆರಿಸಿದರೆ ಅದು ತಪ್ಪೊಪ್ಪಿಗೆಯಾಗುತ್ತದೆ. ಪೂರ್ತಿ ಕೇಳಿದರೆ ಬೇರೆಯೇ ಆಗುತ್ತದೆ. ಈ ಪ್ರಕರಣದ ಬಗ್ಗೆ 2020ರಲ್ಲಿ ಬಂದ ಸಾಕ್ಷ್ಯಚಿತ್ರ ಒಳ್ಳೆಯ ಕೆಲಸ ಮಾಡಿತು ಎಂದು ನಾವು ಒಪ್ಪುತ್ತೇವೆ. ಪ್ರಕರಣ ಜನರ ಬಾಯಿಗೆ ಬಂತು, ಎರಡೂ ಪಕ್ಷಗಳ ಶಾಸಕರು ಆಕೆಯ ಪರ ನಿಂತರು, 2022ರ ಏಪ್ರಿಲ್ 27ಕ್ಕೆ ನಿಗದಿಯಾಗಿದ್ದ ಮರಣದಂಡನೆಗೆ ಏಪ್ರಿಲ್ 25ರಂದು ತಡೆ ಬಿತ್ತು. 2024ರಲ್ಲಿ, ಮೂಲ ವಿಚಾರಣೆ ನಡೆಸಿದ್ದ ನ್ಯಾಯಾಧೀಶರೇ ಶಿಕ್ಷೆ ರದ್ದಾಗಬೇಕೆಂದು ಶಿಫಾರಸು ಬರೆದರು.

ಇದಕ್ಕಿಂತ ಭೀಕರವಾದದ್ದು ಹೆನ್ರಿ ಲೀ ಲೂಕಸ್ ಪ್ರಸಂಗ. 1983ರಲ್ಲಿ ಸೆರೆಯಾದ ಮೇಲೆ ಆತ ನೂರಾರು ಕೊಲೆಗಳನ್ನು ಒಪ್ಪಿಕೊಂಡ. ಜಾರ್ಜ್‌ಟೌನ್‌ನ ಜೈಲಿನಲ್ಲಿ ಟೆಕ್ಸಾಸ್ ರೇಂಜರ್‌ಗಳ ವಿಶೇಷ ತಂಡ ಆತನನ್ನು ಇಟ್ಟುಕೊಂಡಿತು. ದೇಶದ ಮೂಲೆಮೂಲೆಯಿಂದ ಪೊಲೀಸರು ಬಂದು ತಮ್ಮ ಬಗೆಹರಿಯದ ಪ್ರಕರಣಗಳನ್ನು ಮುಚ್ಚಿಕೊಂಡು ಹೋದರು. ಇನ್ನೂರಕ್ಕೂ ಹೆಚ್ಚು ಪ್ರಕರಣಗಳು ಹಾಗೆ ಮುಚ್ಚಿದವು. ಆತನಿಗೆ ಘಟನಾಸ್ಥಳದ ಫೋಟೋಗಳನ್ನೂ ಕಡತಗಳನ್ನೂ ತೋರಿಸಲಾಗಿತ್ತು, ಮಿಲ್ಕ್‌ಶೇಕ್ ಸಿಗುತ್ತಿತ್ತು, ಕೈಕೋಳವಿಲ್ಲದೆ ಓಡಾಡುವ ಸ್ವಾತಂತ್ರ್ಯವಿತ್ತು. ಯಾವ ಕೊಲೆಗಾಗಿ ಆತನಿಗೆ ಮರಣದಂಡನೆ ಆಯಿತೋ, 1979ರ ಅಕ್ಟೋಬರ್ 31ರಂದು ಜಾರ್ಜ್‌ಟೌನ್ ಬಳಿ ಸಿಕ್ಕ, ಕಿತ್ತಳೆ ಬಣ್ಣದ ಕಾಲುಚೀಲ ಮಾತ್ರ ತೊಟ್ಟಿದ್ದ ಯುವತಿಯ ಆ ಕೊಲೆ ನಡೆದ ದಿನಗಳಲ್ಲಿ ಆತ ಫ್ಲಾರಿಡಾದ ಜಾಕ್ಸನ್‌ವಿಲ್‌ನಲ್ಲಿ ಚಾವಣಿ ಕೆಲಸಕ್ಕಿದ್ದ ಎಂದು ಕೆಲಸದ ದಾಖಲೆಗಳು ಹೇಳುತ್ತಿದ್ದವು. 1986ರಲ್ಲಿ ರಾಜ್ಯದ ಅಟಾರ್ನಿ ಜನರಲ್ ಜಿಮ್ ಮ್ಯಾಟಾಕ್ಸ್ ಈ ತಪ್ಪೊಪ್ಪಿಗೆಗಳನ್ನು ಪ್ರಶ್ನಿಸುವ ವರದಿ ಪ್ರಕಟಿಸಿದರು. 1998ರಲ್ಲಿ ಗವರ್ನರ್ ಜಾರ್ಜ್ ಡಬ್ಲ್ಯೂ. ಬುಷ್ ಶಿಕ್ಷೆಯನ್ನು ಜೀವಾವಧಿಗೆ ಇಳಿಸಿದರು. ಆ ಯುವತಿ ಯಾರೆಂದು ತಿಳಿಯಲು 2019 ಬೇಕಾಯಿತು. ಲೂಕಸ್ ಹೆಸರಿನಲ್ಲಿ ಮುಚ್ಚಿದ ಒಂದೊಂದು ಕಡತದ ಹಿಂದೆಯೂ ನಿಜವಾದ ಕೊಲೆಗಾರನನ್ನು ಹುಡುಕುವುದನ್ನೇ ನಿಲ್ಲಿಸಿದ ಒಂದು ಠಾಣೆ ಇತ್ತು.

ಲೂಕಸ್‌ನಂಥವನ ಮೇಲೆ ಚಿತ್ರ ಮಾಡುವಾಗ ಒಂದು ಕೋಷ್ಟಕ ಸಾಕು, ಅದನ್ನು ತೆರೆಯ ಮೇಲೂ ಇಡಿ, ಜಾಲತಾಣದಲ್ಲೂ ಇಡಿ. ಮೊದಲ ಕಾಲಂನಲ್ಲಿ ಕೊಲೆಯ ದಿನಾಂಕ ಮತ್ತು ಊರು. ಎರಡನೆಯದರಲ್ಲಿ ಒಪ್ಪಿಕೊಂಡವನು ಆ ದಿನ ಎಲ್ಲಿದ್ದ ಎಂಬುದಕ್ಕೆ ಸಿಗುವ ಕಾಗದ: ಸಂಬಳದ ಚೀಟಿ, ನಗದು ಮಾಡಿಸಿದ ಚೆಕ್, ಬಾಡಿಗೆ ರಸೀದಿ, ಜೈಲಿನ ರಿಜಿಸ್ಟರ್. ಮೂರನೆಯದರಲ್ಲಿ ಎರಡು ಊರುಗಳ ನಡುವಿನ ರಸ್ತೆ ದೂರ ಮತ್ತು ಅಷ್ಟು ಹೊತ್ತಿನಲ್ಲಿ ಕಾರು ಓಡಿಸಲು ಬೇಕಾದ ವೇಗ. ನಾಲ್ಕನೆಯದೇ ಮುಖ್ಯ: ಕೊಲೆಗಾರನಿಗೆ ಮಾತ್ರ ಗೊತ್ತಿರಬೇಕಾದ ವಿವರವನ್ನು ಆ ಕೋಣೆಯಲ್ಲಿ ಮೊದಲು ಉಚ್ಚರಿಸಿದ್ದು ಯಾರು, ಪೊಲೀಸರೋ ಅವನೋ? ಈ ಕಾಲಂ ತುಂಬಲು ಧ್ವನಿಮುದ್ರಣ ಪೂರ್ತಿ ಬೇಕು. ಇಲ್ಲದಿದ್ದರೆ "ಮುದ್ರಣವಿಲ್ಲ" ಎಂದು ಬರೆಯಬೇಕು. ಟೆಕ್ಸಾಸ್ ಕಾನೂನಿನಂತೆ, ವಶದಲ್ಲಿದ್ದವರ ಬಾಯಿಮಾತಿನ ಹೇಳಿಕೆಯನ್ನು ಸಾಕ್ಷ್ಯವಾಗಿ ಬಳಸಲು ಮುದ್ರಣ ಬೇಕೆಂಬ ನಿಯಮ ಹಿಂದಿನಿಂದಲೂ ಇದೆ. ಗಂಭೀರ ಅಪರಾಧಗಳಲ್ಲಿ ಠಾಣೆಯೊಳಗಿನ ಪ್ರಶ್ನೋತ್ತರವನ್ನು ಪೂರ್ತಿ ಮುದ್ರಿಸಬೇಕೆಂಬ ಕಾನೂನು ಬಂದದ್ದು 2017ರಲ್ಲಿ. ಅದಕ್ಕೂ ಹಿಂದಿನ ಪ್ರಕರಣಗಳಲ್ಲಿ ಟೇಪು ಶುರುವಾಗುವುದಕ್ಕೆ ಎಷ್ಟೋ ಹೊತ್ತು ಮುಂಚೆಯೇ ಮಾತುಕತೆ ನಡೆದಿರಬಹುದು. ಪ್ರಶ್ನಿಸುವ ದೃಶ್ಯ ತೋರಿಸುವಾಗಲೆಲ್ಲ ತೆರೆಯ ಮೂಲೆಯಲ್ಲಿ ಗಡಿಯಾರ ಇರಲಿ: ಕೋಣೆಗೆ ಬಂದು ಎಷ್ಟು ಹೊತ್ತಾಯಿತು, ಹಿಂದಿನ ತುಣುಕಿಗೂ ಈ ತುಣುಕಿಗೂ ನಡುವೆ ಎಷ್ಟು ನಿಮಿಷ ಕತ್ತರಿಸಿದ್ದೀರಿ.

ವಿಜ್ಞಾನದ ಭಾಗ ಬಂದಾಗ ನೀವು ಬಿಳಿ ಕೋಟಿನ ತಜ್ಞರೊಬ್ಬರನ್ನು ಕೂರಿಸಿ ಇಪ್ಪತ್ತು ಸೆಕೆಂಡು ಮಾತಾಡಿಸುತ್ತೀರಿ. ವಿಲಿಂಗ್‌ಹ್ಯಾಮ್ ಪ್ರಕರಣಕ್ಕೆ ಇಪ್ಪತ್ತು ಸೆಕೆಂಡು ಸಾಲುವುದಿಲ್ಲ. ನೆಲದ ಮೇಲೆ ಕೊಚ್ಚೆಗುಂಡಿಯ ಆಕಾರದ ಸುಟ್ಟ ಗುರುತುಗಳಿವೆ, ಕಿಟಕಿ ಗಾಜಿನಲ್ಲಿ ಜೇಡರಬಲೆಯಂಥ ಸೀಳುಗಳಿವೆ, ಬಾಗಿಲ ಹೊಸ್ತಿಲಿನ ಅಲ್ಯೂಮಿನಿಯಂ ಪಟ್ಟಿ ಕರಗಿದೆ, ಆದ್ದರಿಂದ ದ್ರವ ಇಂಧನ ಸುರಿದು ಬೆಂಕಿ ಹಚ್ಚಲಾಗಿದೆ ಎಂದು ತನಿಖಾಧಿಕಾರಿಗಳು ಹೇಳಿದರು. ಈಗ ಒಂದೊಂದನ್ನೂ ನೋಡೋಣ. ಮುಚ್ಚಿದ ಕೋಣೆಗೆ ಬೆಂಕಿ ಬಿದ್ದಾಗ ಬಿಸಿ ಅನಿಲ ಮೇಲಕ್ಕೇರಿ ಚಾವಣಿಯ ಕೆಳಗೆ ಪದರವಾಗಿ ಶೇಖರವಾಗುತ್ತದೆ. ಆ ಪದರ ಸುಮಾರು 600 ಡಿಗ್ರಿ ಸೆಲ್ಸಿಯಸ್ ಮುಟ್ಟಿದಾಗ, ಅಥವಾ ಅದರ ತಾಪ ನೆಲದ ಮಟ್ಟದಲ್ಲಿ ಚದರ ಮೀಟರಿಗೆ 20 ಕಿಲೋವಾಟ್ ಆದಾಗ, ಕೋಣೆಯಲ್ಲಿರುವುದೆಲ್ಲ ಒಟ್ಟಿಗೆ ಹೊತ್ತಿಕೊಳ್ಳುತ್ತದೆ. ಅಗ್ನಿಶಾಸ್ತ್ರದವರು ಇದನ್ನು ಫ್ಲಾಶ್‌ಓವರ್ ಎನ್ನುತ್ತಾರೆ. ಅದಾದ ಮೇಲೆ ನೆಲವೂ ಸುಡುತ್ತದೆ, ಕಾರ್ಪೆಟ್ಟೂ ಸುಡುತ್ತದೆ, ಗಾಳಿ ಎಲ್ಲಿಂದ ಬರುತ್ತದೋ ಅಲ್ಲಿ, ಅಂದರೆ ಬಾಗಿಲು ಕಿಟಕಿಗಳ ಬಳಿ, ಹೆಚ್ಚು ಆಳಕ್ಕೆ ಸುಡುತ್ತದೆ. ಕೊಚ್ಚೆಗುಂಡಿಯ ಆಕಾರ ಇಂಧನವಿಲ್ಲದೆಯೂ ಮೂಡುತ್ತದೆ. ಅಲ್ಯೂಮಿನಿಯಂ ಕರಗುವುದು 660 ಡಿಗ್ರಿಗೆ. ಫ್ಲಾಶ್‌ಓವರ್ ಆದ ಕೋಣೆ ಬರೀ ಮರ, ಪೀಠೋಪಕರಣ ಸುಟ್ಟೇ ಅದನ್ನು ಸುಲಭವಾಗಿ ದಾಟುತ್ತದೆ. ಗಾಜಿನ ಸೀಳು ಬರುವುದು ಬಿಸಿ ಗಾಜಿಗೆ ಅಗ್ನಿಶಾಮಕ ದಳದವರ ನೀರು ಬಿದ್ದಾಗ. 1991ರಲ್ಲಿ ಕ್ಯಾಲಿಫೋರ್ನಿಯಾದ ಓಕ್ಲೆಂಡ್ ಬೆಟ್ಟಗಳಲ್ಲಿ ಹಬ್ಬಿದ ಕಾಡ್ಗಿಚ್ಚಿನ ನಂತರ ಪರೀಕ್ಷಿಸಿದ ಮನೆಗಳಲ್ಲೂ ಅಂಥ ಗಾಜು ಸಿಕ್ಕಿತು. ಅಲ್ಲಿ ಯಾರೂ ಮನೆಮನೆಗೆ ಹೋಗಿ ಪೆಟ್ರೋಲು ಸುರಿದಿರಲಿಲ್ಲ. ಪ್ರಯೋಗಾಲಯದಲ್ಲಿ ದ್ರವದ ಕುರುಹು ಸಿಕ್ಕಿದ್ದು ಮುಂಬಾಗಿಲ ಹೊಸ್ತಿಲಿನ ಮಾದರಿಯಲ್ಲಿ ಮಾತ್ರ, ಮತ್ತು ಅದೇ ವರಾಂಡದಲ್ಲಿ ಇದ್ದಿಲಿನ ಒಲೆಯೂ ಅದನ್ನು ಹೊತ್ತಿಸುವ ದ್ರವವೂ ಇದ್ದವು.

ಅಮೆರಿಕದ ರಾಷ್ಟ್ರೀಯ ಅಗ್ನಿ ಸುರಕ್ಷತಾ ಸಂಘ ಹೊರತಂದ ಬೆಂಕಿ ತನಿಖೆಯ ಹೊಸ ಮಾರ್ಗದರ್ಶಿ, ಎನ್‌ಎಫ್‌ಪಿಎ 921, ಪ್ರಕಟವಾದದ್ದು 1992ರಲ್ಲಿ. ವಿಲಿಂಗ್‌ಹ್ಯಾಮ್ ವಿಚಾರಣೆ ನಡೆದದ್ದೂ ಅದೇ ವರ್ಷ, ಹಳೆಯ ನಂಬಿಕೆಗಳ ಮೇಲೆಯೇ. 2004ರ ಫೆಬ್ರವರಿಯಲ್ಲಿ ಅಗ್ನಿತಜ್ಞ ಜೆರಾಲ್ಡ್ ಹರ್ಸ್ಟ್ ಬರೆದ ವರದಿ ಕ್ಷಮಾದಾನ ಮಂಡಳಿಗೂ ಗವರ್ನರ್ ಕಚೇರಿಗೂ ಹೋಯಿತು. ಫೆಬ್ರವರಿ 17ರಂದು ಹಂಟ್ಸ್‌ವಿಲ್‌ನಲ್ಲಿ ವಿಲಿಂಗ್‌ಹ್ಯಾಮ್‌ನ ಮರಣದಂಡನೆ ಜಾರಿಯಾಯಿತು. 2009ರಲ್ಲಿ ರಾಜ್ಯದ ವಿಧಿವಿಜ್ಞಾನ ಆಯೋಗಕ್ಕಾಗಿ ಕ್ರೇಗ್ ಬೇಲರ್ ಬರೆದ ವರದಿಯೂ ಬೆಂಕಿ ಹಚ್ಚಲಾಗಿದೆ ಎನ್ನಲು ಆಧಾರವಿಲ್ಲ ಎಂದಿತು. ಆ ವರದಿ ಚರ್ಚೆಗೆ ಬರುವ ಎರಡು ದಿನ ಮೊದಲು ಗವರ್ನರ್ ರಿಕ್ ಪೆರ್ರಿ ಆಯೋಗದ ಅಧ್ಯಕ್ಷರನ್ನೂ ಕೆಲವು ಸದಸ್ಯರನ್ನೂ ಬದಲಿಸಿದರು. ಇಷ್ಟೆಲ್ಲ ತೋರಿಸುವ ಚಿತ್ರ ಇನ್ನೊಂದನ್ನೂ ತೋರಿಸಬೇಕು: ಜೈಲಿನ ಸಾಕ್ಷಿಯೊಬ್ಬನ ವಿಷಯದಲ್ಲಿ ಸರ್ಕಾರಿ ವಕೀಲರ ಮೇಲೆ ಬಂದ ದುರ್ನಡತೆಯ ಆರೋಪ ಸಾಬೀತಾಗಿಲ್ಲ ಎಂದು 2017ರಲ್ಲಿ ಜ್ಯೂರಿ ಹೇಳಿತು. ನಿಮ್ಮ ವಾದಕ್ಕೆ ಒಗ್ಗದ ಕಾಗದವೂ ಕಡತದ ಭಾಗವೇ.

ಮಾರ್ಟನ್ ಪ್ರಕರಣದಲ್ಲೂ ವಿಜ್ಞಾನದ ಹೆಸರಲ್ಲಿ ಇಂಥದೇ ಆಯಿತು. ಹೊಟ್ಟೆಯಲ್ಲಿ ಉಳಿದಿದ್ದ ರಾತ್ರಿಯೂಟದ ಸ್ಥಿತಿ ನೋಡಿ ಸಾವಿನ ಹೊತ್ತನ್ನು ಅಂದಾಜಿಸಲಾಯಿತು. ಬೆಳಗಿನ ಜಾವ ಗಂಡ ಕೆಲಸಕ್ಕೆ ಹೊರಡುವ ಮೊದಲೇ ಸಾವು ಆಗಿದೆ ಎಂದಾಯಿತು. ಊಟ ಕರಗುವ ವೇಗ ಊಟದ ಪ್ರಮಾಣ, ಕೊಬ್ಬು, ಭಯ, ನಿದ್ದೆ ಎಲ್ಲದರಿಂದ ಬದಲಾಗುತ್ತದೆ. ಗಂಟೆ ಹೇಳಲು ಅದು ಗಡಿಯಾರವಲ್ಲ. ಅತ್ತ ಮೂರು ವರ್ಷದ ಮಗ ಅಜ್ಜಿಗೆ ಹೇಳಿದ್ದ ಮಾತು, ಹೊಡೆದವನು ಒಬ್ಬ ರಾಕ್ಷಸ, ಅಪ್ಪ ಮನೆಯಲ್ಲಿರಲಿಲ್ಲ ಎಂಬುದು, ಷೆರಿಫ್ (ಕೌಂಟಿಯ ಪೊಲೀಸ್ ಮುಖ್ಯಸ್ಥ) ಕಚೇರಿಯ ಕಡತದಲ್ಲಿ ಬರಹವಾಗಿ ಇತ್ತು. ಪ್ರತಿವಾದಿ ವಕೀಲರಿಗೆ ಅದನ್ನು ಕೊಟ್ಟಿರಲಿಲ್ಲ. ಎರಡು ದಶಕಗಳ ನಂತರ ಸಾರ್ವಜನಿಕ ಮಾಹಿತಿ ಕಾಯ್ದೆಯಡಿ ಕೇಳಿದಾಗ ಅದು ಹೊರಬಂತು. ಮನೆಯ ಹತ್ತಿರ ಸಿಕ್ಕಿದ್ದ ರಕ್ತದ ಕಲೆಯ ಕರವಸ್ತ್ರದ ಡಿಎನ್‌ಎ ಪರೀಕ್ಷೆಗೆ ವರ್ಷಗಟ್ಟಲೆ ಅಡ್ಡಿ ಬಂತು. 2011ರ ಅಕ್ಟೋಬರ್‌ನಲ್ಲಿ, ಸುಮಾರು 25 ವರ್ಷಗಳ ನಂತರ, ಮಾರ್ಟನ್ ಬಿಡುಗಡೆಯಾದರು. ಆ ಡಿಎನ್‌ಎ ಯಾರದೋ ಅವನು 1988ರಲ್ಲಿ ಆಸ್ಟಿನ್‌ನಲ್ಲಿ ಇನ್ನೊಬ್ಬ ಮಹಿಳೆಯನ್ನು ಕೊಂದಿದ್ದ. ಎರಡೂ ಕೊಲೆಗಳಲ್ಲಿ ಅವನಿಗೆ ಶಿಕ್ಷೆಯಾಗಿದೆ. ಆಗಿನ ಸರ್ಕಾರಿ ವಕೀಲ, ನಂತರ ನ್ಯಾಯಾಧೀಶರಾಗಿದ್ದ ಕೆನ್ ಆ್ಯಂಡರ್‌ಸನ್ ವಕೀಲಿ ಪರವಾನಗಿ ಬಿಟ್ಟುಕೊಟ್ಟರು, 10 ದಿನಗಳ ಜೈಲು ಶಿಕ್ಷೆಗೊಳಗಾದರು.

ಡಿಎನ್‌ಎ ಎಂದ ಕೂಡಲೇ ಮಾತು ಮುಗಿಯಿತು ಎಂಬಂತೆ ಸಂಗೀತ ಏರಿಸಬೇಡಿ. ಯಾವ ಬಗೆಯ ಪರೀಕ್ಷೆ ಎಂದು ಹೇಳಿ. ವೈ ಕ್ರೋಮೋಸೋಮಿನ ಗುರುತು ತಂದೆಯ ಕಡೆಯ ಗಂಡಸರಲ್ಲೆಲ್ಲ ಒಂದೇ ಇರಬಹುದು. ಹೊಂದಿಕೆಯಾಗದಿದ್ದರೆ ಒಬ್ಬನನ್ನು ಹೊರಗಿಡಲು ಅದು ಬಲವಾದ ಸಾಧನ, ಹೊಂದಿದರೆ ಅದೊಂದರಿಂದಲೇ ಒಬ್ಬನನ್ನು ಹಿಡಿಯಲಾಗದು. ಆಸ್ಟಿನ್‌ನ ಮೊಸರು ಐಸ್‌ಕ್ರೀಂ ಅಂಗಡಿಯಲ್ಲಿ 1991ರ ಡಿಸೆಂಬರ್ 6ರಂದು ನಾಲ್ವರು ಹುಡುಗಿಯರ ಕೊಲೆಯಾದ ಪ್ರಕರಣದಲ್ಲಿ ತಪ್ಪೊಪ್ಪಿಗೆಯ ಮೇಲೆ ಇಬ್ಬರಿಗೆ ಶಿಕ್ಷೆಯಾಗಿತ್ತು. ಒಬ್ಬನ ಹೇಳಿಕೆಯನ್ನು ಇನ್ನೊಬ್ಬನ ವಿರುದ್ಧ ಪಾಟೀಸವಾಲಿಗೆ ಅವಕಾಶವಿಲ್ಲದೆ ಬಳಸಿದ್ದರಿಂದ ಆ ಶಿಕ್ಷೆಗಳು ರದ್ದಾದವು. ಸ್ಥಳದ ವೈ ಡಿಎನ್‌ಎ ಬಂಧಿತರಾದ ಯಾರಿಗೂ ಹೊಂದಲಿಲ್ಲ. 2009ರಲ್ಲಿ ಆರೋಪ ಕೈಬಿಟ್ಟರು. ಅದರ ಮೇಲೊಂದು ಸರಣಿ 2025ರ ಆಗಸ್ಟ್‌ನಲ್ಲಿ ಪ್ರಸಾರವಾಯಿತು. ಸೆಪ್ಟೆಂಬರ್ ಕೊನೆಯಲ್ಲಿ ಪೊಲೀಸರು 1999ರಲ್ಲೇ ಸತ್ತುಹೋಗಿದ್ದ ಬೇರೆಯೇ ವ್ಯಕ್ತಿಯ ಹೆಸರು ಪ್ರಕಟಿಸಿದರು. ಇಷ್ಟು ಬೇಗ ಹಳತಾಗುವುದು ಯಾರ ತಪ್ಪೂ ಅಲ್ಲ. ಆದರೆ ಹಳತಾದ ಚಿತ್ರ ಹಾಗೆಯೇ ವರ್ಷಗಟ್ಟಲೆ ಓಡುತ್ತಿದ್ದರೆ ಅದು ಪ್ರಸಾರ ಮಾಡುವವರ ತಪ್ಪು. ಚಿತ್ರದ ಮೊದಲ ಚೌಕಟ್ಟಿನಲ್ಲೇ, ಕೊನೆಯ ಹೆಸರುಪಟ್ಟಿಯಲ್ಲಿ ಅಲ್ಲ, ಪ್ರಕರಣದ ಇಂದಿನ ಸ್ಥಿತಿಯನ್ನು ದಿನಾಂಕ ಸಹಿತ ಬರೆಯಿರಿ. ಮೇಲ್ಮನವಿ ಬಾಕಿಯಿದೆಯೇ, ಶಿಕ್ಷೆ ರದ್ದಾಗಿದೆಯೇ, ಬರೀ ಆರೋಪ ಕೈಬಿಟ್ಟಿದ್ದಾರೆಯೇ, ನಿರಪರಾಧಿಯೆಂದು ನ್ಯಾಯಾಲಯವೇ ಹೇಳಿದೆಯೇ. ಈ ನಾಲ್ಕೂ ಬೇರೆ ಬೇರೆ.

ಕಡತ ಸಿಗುವುದಿಲ್ಲ ಎಂಬ ಸಬೂಬು ಟೆಕ್ಸಾಸ್‌ನಲ್ಲಿ ಹೆಚ್ಚು ನಡೆಯುವುದಿಲ್ಲ, ಆದರೆ ದಾರಿ ಗೊತ್ತಿರಬೇಕು. ನ್ಯಾಯಾಲಯದ ಕಾಗದಗಳು ಕೌಂಟಿಯ ಡಿಸ್ಟ್ರಿಕ್ಟ್ ಕ್ಲರ್ಕ್ ಬಳಿ. ಅವಕ್ಕೆ ಮಾಹಿತಿ ಕಾಯ್ದೆ ಅನ್ವಯಿಸುವುದಿಲ್ಲ, ನೇರವಾಗಿ ಕೇಳಬೇಕು. ಮೇಲ್ಮನವಿಗೆ ಹೋದ ಪ್ರಕರಣವಾದರೆ ನಡಾವಳಿಯ ಪ್ರತಿ ಮೇಲಿನ ನ್ಯಾಯಾಲಯದಲ್ಲೂ ಇರುತ್ತದೆ. ಪೊಲೀಸ್, ಷೆರಿಫ್ ಕಚೇರಿಗಳ ಕಾಗದಕ್ಕೆ ಸಾರ್ವಜನಿಕ ಮಾಹಿತಿ ಕಾಯ್ದೆಯಡಿ ಲಿಖಿತವಾಗಿ ಕೇಳಿ. ಕೊಡಲು ಮನಸ್ಸಿಲ್ಲದಿದ್ದರೆ ಅವರು 10 ಕೆಲಸದ ದಿನಗಳೊಳಗೆ ಅಟಾರ್ನಿ ಜನರಲ್ ಅಭಿಪ್ರಾಯ ಕೇಳಬೇಕು. ಅಡ್ಡ ಬರುವುದು ಸಾಮಾನ್ಯವಾಗಿ ಆ ಕಾಯ್ದೆಯ 552.108ನೇ ಕಲಂ: ಶಿಕ್ಷೆಯಲ್ಲಿ ಕೊನೆಗೊಳ್ಳದ ತನಿಖೆಯ ಕಾಗದವನ್ನು ತಡೆಹಿಡಿಯಲು ಅದು ಅವಕಾಶ ಕೊಡುತ್ತದೆ, ಶಂಕಿತ ಸತ್ತಿದ್ದರೂ ಸಹ. ಆಗಲೂ ಘಟನೆಯ ಮೂಲ ವಿವರಗಳನ್ನು ಅವರು ಕೊಡಲೇಬೇಕು. ಮರಣೋತ್ತರ ಪರೀಕ್ಷೆಯ ವರದಿ ಸಾರ್ವಜನಿಕ. ಫೋಟೋಗಳು ಸಾಮಾನ್ಯವಾಗಿ ಅಲ್ಲ, ಮತ್ತು ಅವನ್ನು ನೀವು ಕೇಳಲೂಬಾರದು.

ಹೊಸಬರು ಎಡವುವ ಜಾಗ ಒಂದಿದೆ. ಮಾರ್ಟನ್ ಹೆಸರಿನ ಕಾಯ್ದೆ 2014ರ ಜನವರಿ 1ರಿಂದ ಜಾರಿಗೆ ಬಂದು, ಸರ್ಕಾರಿ ವಕೀಲರು ತಮ್ಮ ಕಡತವನ್ನು ಪ್ರತಿವಾದಿಗಳಿಗೆ ತೆರೆದಿಡಬೇಕೆಂದಿತು. ಆ ಕಾಯ್ದೆ ತಿದ್ದಿದ, ಕ್ರಿಮಿನಲ್ ಪ್ರಕ್ರಿಯಾ ಸಂಹಿತೆಯ ಅದೇ 39.14ನೇ ವಿಧಿ, ಹಾಗೆ ಸಿಕ್ಕ ಕಾಗದವನ್ನು ನ್ಯಾಯಾಲಯದ ಅನುಮತಿಯಿಲ್ಲದೆ ಹೊರಗಿನವರಿಗೆ ಕೊಡದಂತೆ ಪ್ರತಿವಾದಿ ವಕೀಲರ ಕೈಯನ್ನೂ ಕಟ್ಟುತ್ತದೆ. ಆದ್ದರಿಂದ ವಕೀಲರ ಪೆಟ್ಟಿಗೆಯಿಂದ ಫೈಲು ಎತ್ತಿಕೊಳ್ಳಬೇಡಿ. ಅವರಿಗೂ ಕಷ್ಟ, ಅವರ ಕಕ್ಷಿದಾರರಿಗೂ ಕಷ್ಟ. ವಿಚಾರಣೆಯಲ್ಲಿ ಹಾಜರುಪಡಿಸಿದ ದಾಖಲೆಗಳಿಂದಲೋ ಮಾಹಿತಿ ಅರ್ಜಿಯಿಂದಲೋ ಪಡೆಯಿರಿ. ಪ್ರಕಟಿಸುವ ಮುನ್ನ ಅಪ್ರಾಪ್ತರ ಹೆಸರು, ಲೈಂಗಿಕ ದೌರ್ಜನ್ಯಕ್ಕೆ ಒಳಗಾದವರ ಗುರುತು, ಜ್ಯೂರಿಗಳ ವಿವರ, ವಿಳಾಸ, ಸೋಶಿಯಲ್ ಸೆಕ್ಯುರಿಟಿ ಸಂಖ್ಯೆ ಇವನ್ನು ಅಳಿಸಿ. ಕಪ್ಪು ಪಟ್ಟಿಯನ್ನು ಮೇಲೆ ಅಂಟಿಸಿದರೆ ಕೆಳಗಿನ ಅಕ್ಷರ ಕಾಪಿಯಾಗಿ ಹೊರಬರುತ್ತದೆ. ಪುಟವನ್ನು ಚಿತ್ರವಾಗಿ ಮಾರ್ಪಡಿಸಿಯೇ ಹಾಕಬೇಕು.

ಸತ್ತವರ ಮನೆಯವರಿಗೆ ಟ್ರೇಲರ್ ಬರುವ ಮೊದಲೇ ತಿಳಿಸಿ. ತುರ್ತು ಕರೆಯ ಧ್ವನಿಯನ್ನು ಅವರ ಒಪ್ಪಿಗೆಯಿಲ್ಲದೆ ಬಳಸಬೇಡಿ, ಅದು ಕಾನೂನಿನಂತೆ ಸಾರ್ವಜನಿಕವಾಗಿದ್ದರೂ. ಯಾರಿಗೆ ಹಣ ಕೊಟ್ಟು ಸಂದರ್ಶನ ಪಡೆದಿರಿ ಎಂದು ಹೇಳಿ.

ಕೊನೆಯದಾಗಿ, ಎಂದೂ ಆರೋಪಪಟ್ಟಿ ಕಾಣದವರ ವಿಷಯ. ಹ್ಯೂಸ್ಟನ್‌ನಿಂದ ಗ್ಯಾಲ್ವೆಸ್ಟನ್‌ಗೆ ಹೋಗುವ 45ನೇ ಹೆದ್ದಾರಿಯ ಪಕ್ಕ, ಲೀಗ್ ಸಿಟಿಯ ಕಾಲ್ಡರ್ ರಸ್ತೆಯ ಬಯಲಿನಲ್ಲಿ 1984ರಿಂದ 1991ರ ನಡುವೆ ನಾಲ್ವರು ಮಹಿಳೆಯರ ದೇಹಗಳು ಸಿಕ್ಕವು. ಇಬ್ಬರ ಹೆಸರು ತಿಳಿದದ್ದು 2019ರಲ್ಲಿ. ಪಕ್ಕದ ಜಮೀನಿನವರೊಬ್ಬರ ಮೇಲೆ ಅನುಮಾನ ಬಿತ್ತು; ಅವರ ಮೇಲೆ ಆರೋಪ ದಾಖಲಾಗಲೇ ಇಲ್ಲ, ಅವರು ತೀರಿಕೊಂಡೂ ಆಯಿತು. ಇಂಥವರ ಫೋಟೋ ನಿಮ್ಮ ಕಂತುಗಳಲ್ಲಿ ಬೇಡ. ಹೆಸರು ಕೆಡಿಸಿದರೆ ಏನಾಗುತ್ತದೆ ಎಂಬುದಕ್ಕೆ ನಿಮ್ಮ ಕಾನೂನು ವಿಭಾಗದವರು ವೇಕೋ ಊರಿನ ಡಿಸ್ಟ್ರಿಕ್ಟ್ ಅಟಾರ್ನಿ ವಿಕ್ ಫೀಝೆಲ್ ಮೊಕದ್ದಮೆ ಓದಲಿ. ಲೂಕಸ್ ತಪ್ಪೊಪ್ಪಿಗೆಗಳನ್ನು ಪ್ರಶ್ನಿಸಿದ್ದ ಅವರ ಮೇಲೆ ಡಾಲಸ್‌ನ ಟಿವಿ ಕೇಂದ್ರವೊಂದು ಲಂಚದ ಆರೋಪದ ವರದಿ ಸರಣಿ ಮಾಡಿತು; ಫೆಡರಲ್ ಜ್ಯೂರಿ 1987ರಲ್ಲಿ ಅವರನ್ನು ನಿರ್ದೋಷಿ ಎಂದಿತು; 1991ರಲ್ಲಿ ಮಾನನಷ್ಟದ ದಾವೆಯಲ್ಲಿ ಜ್ಯೂರಿ 5.8 ಕೋಟಿ ಡಾಲರ್ ಕೊಡಿಸಲು ಹೇಳಿತು, ಮೇಲ್ಮನವಿಯ ಹೊತ್ತಿಗೆ ರಾಜಿಯಾಯಿತು. ಸತ್ತವರು ಮಾನನಷ್ಟದ ದಾವೆ ಹೂಡಲಾರರು. ಆ ಜಮೀನಿನವರ ಭಾಗವಿರುವ ಕಂತುಗಳು ನಿಮ್ಮ ಪಟ್ಟಿಯಲ್ಲಿದ್ದರೆ, "ಇವರ ಮೇಲೆ ಎಂದೂ ಆರೋಪ ದಾಖಲಾಗಿಲ್ಲ" ಎಂಬ ಸಾಲನ್ನು ಅವರ ಮುಖ ಕಾಣುವ ಪ್ರತಿ ಚೌಕಟ್ಟಿಗೂ ಈ ತಿಂಗಳೇ ಸೇರಿಸಿ.

ಇಂತಿ,
ಟೆಕ್ಸಾಸ್ ನ್ಯಾಯಾಲಯದ ಕಡತಗಳನ್ನು ಓದುವ ಕೆಲವು ಕನ್ನಡಿಗರು